ಮುಚ್ಚಿದ ಚರ್ಚುಗಳ ವಿಡಿಯೋ ಕಳಿಸುವ ನಮ್ಮವರಿಗೆ ಒಂದು ಬಹಿರಂಗ ಪತ್ರ

ಇಂಗ್ಲೆಂಡಿನಲ್ಲಿ ನೆಲೆಸಿರುವ, ಓದಲು ಬಂದಿರುವ, ಮಕ್ಕಳ ಮನೆಗೆ ಬಂದು ಆರು ತಿಂಗಳಿದ್ದು ಹೋಗುವ ಎಲ್ಲ ಕನ್ನಡಿಗರಿಗೆ ನಮಸ್ಕಾರ.

ನಮ್ಮ ವಾಟ್ಸ್ಯಾಪ್ ಗುಂಪುಗಳಲ್ಲಿ ಆಗಾಗ ಒಂದೇ ಥರದ ವಿಡಿಯೋ ಬರುತ್ತದೆ. ಹಳೆಯ ಕಲ್ಲಿನ ಚರ್ಚು. ಒಳಗೆ ಹೋದರೆ ಬಾರು, ಇಲ್ಲ ಜಿಮ್ಮು, ಇಲ್ಲ ಅಪಾರ್ಟ್‌ಮೆಂಟು. 'ನೋಡಿ ಸ್ವಾಮಿ, ಇಂಗ್ಲೆಂಡಿನಲ್ಲಿ ಚರ್ಚುಗಳ ಗತಿ' ಅಂತ ಹಿನ್ನೆಲೆಯಲ್ಲಿ ಯಾರೋ ಹೇಳುತ್ತಿರುತ್ತಾರೆ. ಕೆಳಗೆ ಸಾಲು ಸಾಲು ಚಪ್ಪಾಳೆ. ಒಬ್ಬರು 'ಇವರ ಕಥೆ ಮುಗೀತು' ಅಂತ ಬರೆಯುತ್ತಾರೆ. ಇನ್ನೊಬ್ಬರು ಅದನ್ನೇ ಮತ್ತೊಂದು ಗುಂಪಿಗೆ ದಾಟಿಸುತ್ತಾರೆ.

ಇದನ್ನು ನೋಡಿದಾಗೆಲ್ಲ ನನಗೆ ಕಸಿವಿಸಿ. ಹೀಗೆ ಕಳಿಸುವವರಲ್ಲಿ ಹೆಚ್ಚಿನವರು ಮುಚ್ಚಿದ ಚರ್ಚೊಂದರ ಒಳಗೆ ಕಾಲಿಟ್ಟವರೇ ಅಲ್ಲ. ಯಾರ್ಕ್ ನಗರ ನೋಡಲು ಬಂದಿರುತ್ತಾರೆ. ಮಿನ್‌ಸ್ಟರ್ ಅನ್ನುವ ದೊಡ್ಡ ಚರ್ಚಿನ ಮುಂದೆ ಫೋಟೋ ತೆಗೆಸಿಕೊಳ್ಳುತ್ತಾರೆ. ಶಾಂಬಲ್ಸ್ ಬೀದಿಯಲ್ಲಿ ಅಡ್ಡಾಡುತ್ತಾರೆ. ಸಂಜೆ ರೈಲು ಹತ್ತುತ್ತಾರೆ. ಈ ಓಡಾಟದ ನಡುವೆ ಎಲ್ಲೋ, ಮುಚ್ಚಿದ ಚರ್ಚೊಂದರ ಬಾಗಿಲ ಮುಂದೆಯೇ ಹಾದು ಹೋಗಿರುತ್ತಾರೆ. ಗೊತ್ತೇ ಆಗಿರುವುದಿಲ್ಲ.

ಆ ಚರ್ಚಿನ ಹೆಸರು ಹೋಲಿ ಟ್ರಿನಿಟಿ. ಬೀದಿಯ ಹೆಸರು ಗುಡ್ರಮ್‌ಗೇಟ್. ನಿಮ್ಮನ್ನು ಅದರ ಒಳಗೆ ಕರೆದುಕೊಂಡು ಹೋಗಬೇಕು ಅಂತಲೇ ಈ ಪತ್ರ ಬರೆಯುತ್ತಿದ್ದೇನೆ. ನೋಡಿ ಬಂದ ಮೇಲೂ ವಿಡಿಯೋ ಕಳಿಸಬೇಕು ಅನ್ನಿಸಿದರೆ ಧಾರಾಳವಾಗಿ ಕಳಿಸಿ.

ಮೊದಲು 'ಮುಚ್ಚುವುದು' ಅಂದರೆ ಏನು ಅಂತ ಹೇಳಿಬಿಡುತ್ತೇನೆ. ಇಲ್ಲಿನ ಅಧಿಕೃತ ಕ್ರೈಸ್ತ ಸಂಸ್ಥೆಯಾದ ಚರ್ಚ್ ಆಫ್ ಇಂಗ್ಲೆಂಡಿನ ಕೈಯಲ್ಲಿ ಸುಮಾರು 16,000 ಚರ್ಚುಗಳಿವೆ. ಅವುಗಳಲ್ಲಿ ಮುಕ್ಕಾಲು ಪಾಲು ಕಾನೂನಿನ ರಕ್ಷಣೆ ಇರುವ ಹಳೆಯ ಕಟ್ಟಡಗಳು. ಭಾನುವಾರ ಬರುವ ಜನ ಕಡಿಮೆಯಾಗಿ, ಮಾಡಿನ ರಿಪೇರಿಗೂ ದುಡ್ಡು ಸಾಲದಾದಾಗ ಕೆಲವನ್ನು ಮುಚ್ಚುತ್ತಾರೆ. ಅದಕ್ಕೆ 1968ರಲ್ಲಿ ಒಂದು ಕಾಯ್ದೆಯೇ ಆಯಿತು. ಮುಚ್ಚಿದ ಚರ್ಚಿಗೆ ಮೂರು ದಾರಿ. ಬೇರೆ ಉಪಯೋಗಕ್ಕೆ ಕೊಡಬಹುದು, ಕೆಡವಬಹುದು, ಇಲ್ಲವೇ ಕೆಡವಲೂ ಬಾರದ, ಬದಲಿಸಲೂ ಬಾರದ ಕಟ್ಟಡ ಅಂತಾದರೆ ಹಾಗೇ ಉಳಿಸಿಕೊಳ್ಳಬಹುದು. ಈ ಮೂರನೇ ದಾರಿಗೆಂದು 1969ರಲ್ಲಿ ಒಂದು ನಿಧಿ ಶುರುವಾಯಿತು. ಈಗ ಅದರ ಹೆಸರು ಚರ್ಚಸ್ ಕನ್ಸರ್ವೇಶನ್ ಟ್ರಸ್ಟ್. ಅದರ ಸುಪರ್ದಿಯಲ್ಲಿ ಈಗ 350ಕ್ಕೂ ಹೆಚ್ಚು ಚರ್ಚುಗಳಿವೆ. ಖರ್ಚಿಗೆ ಸರ್ಕಾರ ಒಂದಿಷ್ಟು ಕೊಡುತ್ತದೆ, ಚರ್ಚ್ ಆಫ್ ಇಂಗ್ಲೆಂಡ್ ಒಂದಿಷ್ಟು ಕೊಡುತ್ತದೆ. ಉಳಿದದ್ದು ಜನ ಕೊಡಬೇಕು. ಗುಡ್ರಮ್‌ಗೇಟಿನ ಚರ್ಚು 1970ರ ದಶಕದ ಆರಂಭದಲ್ಲಿ ಈ ನಿಧಿಯ ಕೈಗೆ ಬಂತು.

ವಾಟ್ಸ್ಯಾಪ್ ವಿಡಿಯೋಗಳಿಗೆ ಸಿಗುವುದು ಮೊದಲನೇ ದಾರಿ ಹಿಡಿದ ಕಟ್ಟಡಗಳು. ಮೂರನೇ ದಾರಿಯವು ಸಿಗುವುದಿಲ್ಲ. ಅಲ್ಲಿ ನಗುವಂಥದ್ದು ಏನೂ ಇರುವುದಿಲ್ಲವಲ್ಲ.

ಸರಿ, ಹೊರಡೋಣ. ಮಿನ್‌ಸ್ಟರ್ ಹಿಂಭಾಗದಿಂದ ಗುಡ್ರಮ್‌ಗೇಟಿಗೆ ಬನ್ನಿ. ಕೆಫೆ, ಪಬ್ಬು, ಹಳೆಯ ಬಟ್ಟೆ ಮಾರುವ ಚಾರಿಟಿ ಅಂಗಡಿ ಎಲ್ಲ ಇರುವ ಗಜಿಬಿಜಿ ಬೀದಿ. ಒಂದು ಕಡೆ ಸಾಲಾಗಿ ಪುಟ್ಟ ಪುಟ್ಟ ಮನೆಗಳು ಕಾಣುತ್ತವೆ. ಮರದ ಚೌಕಟ್ಟು, ಬಿಳಿ ಗಾರೆ. ಮೇಲಂತಸ್ತು ರಸ್ತೆಯ ಕಡೆಗೆ ಮುಂದೆ ಚಾಚಿಕೊಂಡಿದೆ. ಇದಕ್ಕೆ ಲೇಡಿ ರೋ ಅಂತ ಹೆಸರು. ಕಟ್ಟಿದ್ದು 1316ರಲ್ಲಿ. ಬ್ರಿಟನ್ನಿನಲ್ಲಿ ಉಳಿದಿರುವ ಸಾಲುಮನೆಗಳಲ್ಲಿ ಅತಿ ಹಳೆಯವುಗಳ ಪೈಕಿ ಇದೂ ಒಂದು. ಈಗಲೂ ಕೆಳಗೆ ವ್ಯಾಪಾರ ನಡೆಯುತ್ತದೆ.

ಈ ಮನೆಗಳನ್ನು ಕಟ್ಟಿದ್ದು ಯಾಕೆ ಗೊತ್ತಾ? ಬಾಡಿಗೆಗೆ. ಚರ್ಚಿನ ಹಿತ್ತಲಿನ, ಅಂದರೆ ಸಮಾಧಿಗಳ ಅಂಗಳದ, ಅಂಚಿನ ಒಂದು ಪಟ್ಟಿ ಜಾಗದಲ್ಲಿ ಮನೆ ಕಟ್ಟಿ ಬಾಡಿಗೆಗೆ ಕೊಟ್ಟರು. ಆ ದುಡ್ಡಿನಲ್ಲಿ ಒಬ್ಬ ಪಾದ್ರಿಗೆ ಸಂಬಳ. ಅವನ ಕೆಲಸ ಚರ್ಚಿನೊಳಗೆ ಮರಿಯಮ್ಮನ ಪೀಠದ ಮುಂದೆ ಪೂಜೆ ಅರ್ಪಿಸುವುದು, ಸತ್ತವರಿಗಾಗಿ ಪ್ರಾರ್ಥಿಸುವುದು. ಸತ್ತವರು ನೇರವಾಗಿ ಸ್ವರ್ಗಕ್ಕೆ ಹೋಗುವುದಿಲ್ಲ, ನಡುವೆ ಒಂದು ಕಡೆ ಪಾಪ ಕಳೆದುಕೊಳ್ಳುತ್ತ ಬೇಯಬೇಕು, ಇಲ್ಲಿ ಪ್ರಾರ್ಥನೆ ನಡೆದಷ್ಟೂ ಅಲ್ಲಿ ಬೇಯುವ ಕಾಲ ಕಡಿಮೆಯಾಗುತ್ತದೆ ಅನ್ನುವುದು ಅಂದಿನ ಗಟ್ಟಿ ನಂಬಿಕೆ. 1316 ಅಂದರೆ ಉತ್ತರ ಯುರೋಪಿನಲ್ಲಿ ಮಳೆ ನಿಲ್ಲದೆ ಬೆಳೆ ಕೊಳೆತು, ಜನ ಹಸಿವಿನಿಂದ ಸಾಯುತ್ತಿದ್ದ ವರ್ಷ. ಸಾವು ಪಕ್ಕದ ಮನೆಯಲ್ಲೇ ಇದ್ದಾಗ ಇಂಥ ಏರ್ಪಾಟಿಗೆ ಬೆಲೆ ಬಂದಿದ್ದರಲ್ಲಿ ಆಶ್ಚರ್ಯವಿಲ್ಲ.

ಮುಂದೆ 1547ರಲ್ಲಿ ಈ ಥರದ ಪ್ರಾರ್ಥನೆಯ ದತ್ತಿಗಳನ್ನೆಲ್ಲ ಸರ್ಕಾರ ರದ್ದು ಮಾಡಿತು. ಇಂಗ್ಲೆಂಡು ಪೋಪನ ಸಂಬಂಧ ಕಡಿದುಕೊಂಡಿದ್ದ ಕಾಲ ಅದು. ಪ್ರಾರ್ಥನೆ ನಿಂತಿತು, ಪಾದ್ರಿ ಹೋದ. ಮನೆಗಳು ಮಾತ್ರ ಬಾಡಿಗೆ ಎಣಿಸುತ್ತ ಉಳಿದುಬಿಟ್ಟವು.

ಲೇಡಿ ರೋ ಬಳಿಯಲ್ಲೇ ಅಂಗಡಿಗಳ ನಡುವೆ ಇಟ್ಟಿಗೆಯ ಒಂದು ಕಮಾನು ಬಾಗಿಲಿದೆ. 18ನೇ ಶತಮಾನದ್ದು. ಗಮನ ಕೊಟ್ಟು ನೋಡದಿದ್ದರೆ ಯಾರದೋ ಮನೆಯ ಗೇಟು ಅಂದುಕೊಂಡು ಮುಂದೆ ಹೋಗುತ್ತೀರಿ. ಒಳಗೆ ಕಾಲಿಟ್ಟರೆ ಬೀದಿಯ ಸದ್ದು ಅರ್ಧಕ್ಕರ್ಧ ಕಡಿಮೆ. ಹುಲ್ಲು, ಮರ, ವಾಲಿದ ಸಮಾಧಿ ಕಲ್ಲುಗಳು, ನಡುವೆ ಗಿಡ್ಡನೆಯ ಚರ್ಚು. ಗೋಪುರ 15ನೇ ಶತಮಾನದ್ದು. ಅದರ ತಲೆಯ ಮೇಲೆ ಚೂಪಾದ ಶಿಖರ ಇಲ್ಲ. ಮನೆಯ ಮೇಲೆ ಇರುವಂಥ, ಎರಡು ಕಡೆ ಇಳಿಜಾರಿನ ಮಾಡು. ಇಂಗ್ಲೆಂಡಿನಲ್ಲಿ ಇಂಥ ಗೋಪುರ ಅಪರೂಪ.

ಹೊರಗಿನ ನೋಟಕ್ಕೆ ಮರುಳಾಗುವಂಥದ್ದು ಅಷ್ಟೇನಿಲ್ಲ ಅಂತ ಒಪ್ಪಿಕೊಂಡೇ ಹೇಳುತ್ತೇನೆ. ಸೊಗಸು ಇರುವುದು ಒಳಗೆ.

ಬಾಗಿಲು ದಾಟಿದ ತಕ್ಷಣ ಕಾಲಿಗೆ ಗೊತ್ತಾಗುತ್ತದೆ, ನೆಲ ಸಮ ಇಲ್ಲ. ಒಂದು ಕಡೆ ಏರಿದೆ, ಒಂದು ಕಡೆ ಕುಸಿದಿದೆ. ಇಲ್ಲಿ 12ನೇ ಶತಮಾನದ ಹೊತ್ತಿಗೇ ಒಂದು ಚರ್ಚು ಇತ್ತು. ಈಗ ಕಾಣುವ ಕಟ್ಟಡ ಮುಖ್ಯವಾಗಿ 1250ರಿಂದ 1500ರವರೆಗೆ ತುಂಡು ತುಂಡಾಗಿ ಎದ್ದದ್ದು. ಜನ ಹೆಚ್ಚಾದಾಗ ಪಕ್ಕಕ್ಕೆ ಒಂದು ಅಂಕಣ ಸೇರಿಸಿದರು. ದುಡ್ಡಿದ್ದವರು ಮೂಲೆಯಲ್ಲಿ ಒಂದು ಗುಡಿ ಕಟ್ಟಿಸಿದರು. ಒಬ್ಬ ಮೇಸ್ತ್ರಿ, ಒಂದು ನಕ್ಷೆ ಅಂತ ಇಲ್ಲ. ಹಾಗಾಗಿ ಒಂದು ಸಾಲಿನ ಕಂಬದಂತೆ ಇನ್ನೊಂದು ಸಾಲಿನದ್ದಿಲ್ಲ, ಒಂದು ಕಿಟಕಿಯಂತೆ ಇನ್ನೊಂದಿಲ್ಲ. ಕ್ಯಾಥೆಡ್ರಲ್‌ಗಳನ್ನು ಬಿಷಪ್ಪರು ಕಟ್ಟಿಸಿದರು. ಇದನ್ನು ಬೀದಿಯ ವ್ಯಾಪಾರಿಗಳು, ಕಸುಬುದಾರರು ತಲೆಮಾರುಗಳ ಕಾಲ ಸೇರಿಸುತ್ತ ಬಂದರು.

ಪ್ಯಾರಿಷ್ ಚರ್ಚು ಅಂದರೆ ಅದೇ. ಸುತ್ತಲಿನ ಒಂದಿಷ್ಟು ಬೀದಿಗಳಿಗೆ ಒಂದು ಚರ್ಚು. ಮಧ್ಯಯುಗದ ಯಾರ್ಕಿನಲ್ಲಿ ಇಂಥವು ನಲವತ್ತಕ್ಕೂ ಹೆಚ್ಚಿದ್ದವು. ಈಗ ಇಪ್ಪತ್ತರ ಆಸುಪಾಸು ಉಳಿದಿವೆ. ಊರು ಬಡವಾಯಿತು, ಇಷ್ಟೊಂದು ಚರ್ಚು ಸಾಕಲಾಗದು ಅಂತ 1547ರಲ್ಲೇ ಕಾಯ್ದೆ ಮಾಡಿಸಿಕೊಂಡು, 1586ರಲ್ಲಿ ಹತ್ತಾರು ಚರ್ಚುಗಳನ್ನು ಒಟ್ಟಿಗೆ ಮುಚ್ಚಿದರು. ನಮ್ಮ ವಿಡಿಯೋದವರಿಗೆ ಇದನ್ನು ಒತ್ತಿ ಹೇಳಬೇಕು. ಚರ್ಚು ಮುಚ್ಚುವುದು ಇಂಗ್ಲೆಂಡಿನಲ್ಲಿ ನಿನ್ನೆ ಮೊನ್ನೆ ಶುರುವಾದ ಕೆಲಸ ಅಲ್ಲ. ಊರು ಬೆಳೆದಾಗ ಕಟ್ಟಿದ್ದಾರೆ, ಸೊರಗಿದಾಗ ಮುಚ್ಚಿದ್ದಾರೆ. ಷೇಕ್ಸ್‌ಪಿಯರ್ ಇನ್ನೂ ನಾಟಕ ಬರೆಯಲು ಶುರು ಮಾಡದಿದ್ದ ಕಾಲದಲ್ಲೇ ಯಾರ್ಕಿನವರು ಚರ್ಚಿನ ಕಲ್ಲು ಮಾರಿದ್ದಾರೆ.

ಪೂಜೆಯ ಜಾಗ ಮಾತ್ರ ಆಗಿರಲಿಲ್ಲ ಅದು. 1538ರಿಂದ ಬೀದಿಯ ನಾಮಕರಣ, ಮದುವೆ, ಸಾವು ಎಲ್ಲ ಪ್ಯಾರಿಷ್ ಪುಸ್ತಕದಲ್ಲಿ ದಾಖಲಾಗಬೇಕು ಅಂತ ಆಜ್ಞೆ ಆಯಿತು. ಮುಂದೆ ಬಡವರಿಗೆ ಕೊಡುವ ಸಹಾಯಧನದ ಲೆಕ್ಕವೂ ಪ್ಯಾರಿಷ್ ಮಟ್ಟಕ್ಕೇ ಬಂತು. ಒಂದು ಥರದಲ್ಲಿ ಗ್ರಾಮ ಪಂಚಾಯಿತಿ ಆಫೀಸೂ ಹೌದು.

ಬಲಗಡೆ, ಅಂದರೆ ದಕ್ಷಿಣಕ್ಕೆ, ಸಂತ ಜೇಮ್ಸನ ಹೆಸರಿನ ಒಂದು ಪುಟ್ಟ ಪ್ರಾರ್ಥನಾ ಕೋಣೆ ಇದೆ. ಅದರ ಗೋಡೆಯಲ್ಲಿ ಓರೆಯಾಗಿ ಒಂದು ಕಿಂಡಿ ಕೊರೆದಿದ್ದಾರೆ. ಮೊದಲ ನೋಟಕ್ಕೆ ಯಾರೋ ಕಲ್ಲು ಕಿತ್ತ ಹಾಗೆ ಕಾಣುತ್ತದೆ. ಬಗ್ಗಿ ಕಣ್ಣಿಟ್ಟು ನೋಡಿ. ನೇರವಾಗಿ ಮುಖ್ಯ ಬಲಿಪೀಠ ಕಾಣುತ್ತದೆ. ಒಂದೇ ಚರ್ಚಿನಲ್ಲಿ ಮುಖ್ಯ ಪೀಠದಲ್ಲಿ ಒಬ್ಬ ಪಾದ್ರಿ, ಪಕ್ಕದ ಪೀಠದಲ್ಲಿ ಇನ್ನೊಬ್ಬ ಪಾದ್ರಿ ಪೂಜೆ ಮಾಡುತ್ತಿದ್ದ ಕಾಲ ಅದು. ಕ್ರಿಸ್ತನ ದೇಹವೇ ಅಂತ ನಂಬುವ ರೊಟ್ಟಿಯನ್ನು ಪಾದ್ರಿ ಮೇಲೆತ್ತುವ ಗಳಿಗೆ ಅತ್ಯಂತ ಪವಿತ್ರ. ಅಲ್ಲಿ ಯಾವ ಹಂತಕ್ಕೆ ಬಂದಿದೆ ಅಂತ ಇಲ್ಲಿಯವನಿಗೆ ಗೊತ್ತಾಗಬೇಕಲ್ಲ, ಅದಕ್ಕೆ ಈ ಕಿಂಡಿ. ಗಡಿಯಾರವಿಲ್ಲದ ಕಾಲದ ಜಾಣತನ. ನನಗಂತೂ ಇಡೀ ಚರ್ಚಿನಲ್ಲಿ ಮನುಷ್ಯರು ತೀರಾ ಹತ್ತಿರ ಅನ್ನಿಸುವುದು ಈ ತೂತಿನ ಮುಂದೆ. ಆ ಪಾದ್ರಿಯೂ ಹೀಗೇ ಕತ್ತು ಓರೆ ಮಾಡಿ ಇಣುಕಿದ್ದ ಅಲ್ವಾ!

ಈಗ ಪೂರ್ವದ ಗೋಡೆಗೆ ಬನ್ನಿ. ಬಲಿಪೀಠದ ಹಿಂದಿನ ದೊಡ್ಡ ಕಿಟಕಿ. ಇದಕ್ಕೆ ಸಮಯ ಕೊಡಿ. ಬೆಳಗಿನ ಹೊತ್ತು ಬಂದರೆ ಇನ್ನೂ ಒಳ್ಳೆಯದು, ಬಿಸಿಲು ಈ ಕಡೆಯಿಂದಲೇ ಬರುತ್ತದೆ.

1470ರ ದಶಕದ ಆರಂಭದಲ್ಲಿ ಇಲ್ಲಿ ಪಾದ್ರಿಯಾಗಿದ್ದ ಜಾನ್ ವಾಕರ್ ಕೊಟ್ಟ ಕಿಟಕಿ ಇದು. ಉದ್ದಕ್ಕೆ ಐದು ಪಟ್ಟಿಗಳು, ಎರಡು ಸಾಲು ಚಿತ್ರ. ಬಣ್ಣದ ಗಾಜನ್ನು ಬೇಕಾದ ಆಕಾರಕ್ಕೆ ಕತ್ತರಿಸಿ, ಮುಖ, ಕೈ, ಬಟ್ಟೆಯ ಮಡಿಕೆಗಳನ್ನು ಅದರ ಮೇಲೆ ಕಂದುಗಪ್ಪು ಬಣ್ಣದಲ್ಲಿ ಬರೆದು, ಕುಲುಮೆಯಲ್ಲಿ ಸುಟ್ಟು, ಸೀಸದ ಪಟ್ಟಿಗಳಿಂದ ಜೋಡಿಸಿದ್ದಾರೆ. ಬಿಳಿ ಗಾಜಿನ ಮೇಲೆ ಅಲ್ಲಲ್ಲಿ ಹೊನ್ನಿನ ಹಳದಿ ಕಾಣುತ್ತದಲ್ಲ, ಅದು ಬೆಳ್ಳಿಯ ಕರಾಮತ್ತು. ಬೆಳ್ಳಿಯ ಲವಣವನ್ನು ಗಾಜಿಗೆ ಹಚ್ಚಿ ಸುಟ್ಟರೆ ಗಾಜೇ ಹಳದಿಗೆ ತಿರುಗುತ್ತದೆ. ಯಾರ್ಕಿನ ಕುಶಲಕರ್ಮಿಗಳ ಕೈಗೆ ಇದು ಚೆನ್ನಾಗಿ ಒಗ್ಗಿತ್ತು.

ಮೇಲಿನ ಸಾಲಿನ ನಡುವೆ ತಂದೆಯಾದ ದೇವರು ಸತ್ತ ಮಗನ ದೇಹವನ್ನು ಎರಡೂ ಕೈಯಲ್ಲಿ ಎತ್ತಿ ಹಿಡಿದಿದ್ದಾನೆ. ಸಾಮಾನ್ಯವಾಗಿ ಮಗನ ದೇಹವನ್ನು ಮಡಿಲಲ್ಲಿ ಇಟ್ಟುಕೊಂಡ ತಾಯಿಯನ್ನು ನೋಡುತ್ತೇವೆ. ಇಲ್ಲಿ ತಂದೆ. ಶಿಲುಬೆಯಿಂದ ಇಳಿಸಿದ ದೇಹ ಸೋತು ಜೋತಿದೆ. ಅದರ ಬುಡದಲ್ಲಿ ಮಂಡಿಯೂರಿ ಕೈಮುಗಿದಿರುವ ಪುಟ್ಟ ಮನುಷ್ಯ ಯಾರು? ದುಡ್ಡು ಕೊಟ್ಟ ಜಾನ್ ವಾಕರನೇ. ದಾನಿಗಳು ತಮ್ಮ ಚಿತ್ರ ಬರೆಸಿಕೊಳ್ಳುವ ಆಸೆ ಎಲ್ಲ ಕಾಲಕ್ಕೂ ಇದ್ದದ್ದೇ. ಟ್ಯೂಬ್‌ಲೈಟಿನ ಮೇಲೆ ಹೆಸರು ಬರೆಸುವವರಿಗಿಂತ ಇವನು ವಾಸಿ, ಕೊನೇಪಕ್ಷ ಮಂಡಿಯೂರಿದ್ದಾನೆ.

ಅಕ್ಕಪಕ್ಕದಲ್ಲಿ ಸಂತ ಜಾರ್ಜ್ ಇದ್ದಾನೆ, ಇಬ್ಬರು ಯೋಹಾನರು ಇದ್ದಾರೆ, ಮಗುವನ್ನು ಹೊತ್ತು ಹೊಳೆ ದಾಟುವ ಕ್ರಿಸ್ಟೋಫರ್ ಇದ್ದಾನೆ. ಆದರೆ ನನಗೆ ಇಷ್ಟ ಕೆಳಗಿನ ಸಾಲು. ಅದು ಒಂದು ಸಂಸಾರದ ಚಿತ್ರ. ಮರಿಯಮ್ಮನ ತಾಯಿ ಅನ್ನಮ್ಮನಿಗೆ ಮೂವರು ಹೆಣ್ಣುಮಕ್ಕಳು, ಮೂವರಿಗೂ ಮರಿಯ ಅಂತಲೇ ಹೆಸರು ಅಂತ ಒಂದು ಹಳೆಯ ಐತಿಹ್ಯ. ಬೈಬಲ್ಲಿನಲ್ಲಿ ಇದು ಹೀಗೆ ಇಲ್ಲ, ಜನ ಬೆಳೆಸಿಕೊಂಡ ಕಥೆ. ಒಂದು ಪಟ್ಟಿಯಲ್ಲಿ ಅನ್ನಮ್ಮ, ಅವಳ ಗಂಡ ಯೋವಾಕಿಮ, ಮಗಳು ಮರಿಯ, ಮೊಮ್ಮಗ ಯೇಸು. ಇನ್ನೆರಡು ಪಟ್ಟಿಗಳಲ್ಲಿ ಉಳಿದ ಇಬ್ಬರು ಮರಿಯರು, ಅವರ ಗಂಡಂದಿರು, ಮಕ್ಕಳು. ಚಿಕ್ಕಮ್ಮ, ದೊಡ್ಡಮ್ಮ, ಅವರ ಮಕ್ಕಳು ಎಲ್ಲ ಸೇರಿ ತೆಗೆಸಿಕೊಂಡ ಫೋಟೋ ನೋಡಿದ ಹಾಗಾಗುತ್ತದೆ. ನಡುವಿನಲ್ಲಿ ಮರಿಯಮ್ಮನಿಗೆ ಕಿರೀಟ ಇಡುವ ದೃಶ್ಯ. ಅಲ್ಲಿ ಒಬ್ಬನೇ ದೇವರ ಮೂರು ರೂಪಗಳಾದ ತಂದೆ, ಮಗ, ಪವಿತ್ರಾತ್ಮ ಮೂವರೂ ಒಂದೇ ಥರದ ಮನುಷ್ಯರು. ಪವಿತ್ರಾತ್ಮ ಪಾರಿವಾಳವಾಗಿ ಬಾರದೆ ಮನುಷ್ಯನಾಗಿ ಕೂತಿರುವ ಚಿತ್ರ ಹೆಚ್ಚು ಕಡೆ ನೋಡಲು ಸಿಗುವುದಿಲ್ಲ.

ವಾಕರ್ ಯಾರ್ಕಿನ ಕಾರ್ಪಸ್ ಕ್ರಿಸ್ಟಿ ಸಂಘದ ಸದಸ್ಯ. 1408ರಲ್ಲಿ ಶುರುವಾದ ಭಕ್ತರ ಸಂಘ ಅದು. ಕ್ರಿಸ್ತನ ದೇಹಕ್ಕೆ ಮೀಸಲಾದ ಹಬ್ಬದಂದು ಊರಲ್ಲಿ ದೊಡ್ಡ ಮೆರವಣಿಗೆ ಹೊರಡಿಸುತ್ತಿತ್ತು. ಕಿಟಕಿಯ ನಡುವೆ ಕ್ರಿಸ್ತನ ದೇಹವೇ ಯಾಕೆ ಬಂತು ಅನ್ನುವುದಕ್ಕೆ ಉತ್ತರ ಅಲ್ಲಿದೆ. 1477ರಲ್ಲಿ ಈ ಸಂಘಕ್ಕೆ ಗ್ಲೌಸ್ಟರಿನ ಡ್ಯೂಕ್ ರಿಚರ್ಡ್ ಮತ್ತು ಅವನ ಹೆಂಡತಿ ಕೂಡ ಸೇರಿದರು. ಮುಂದೆ ಮೂರನೇ ರಿಚರ್ಡ್ ಅಂತ ಸಿಂಹಾಸನ ಏರಿ, ಅಣ್ಣನ ಮಕ್ಕಳನ್ನು ಇಲ್ಲವಾಗಿಸಿದ ಅಪವಾದ ಹೊತ್ತವನು ಅವನೇ. ಒಂದು ಸಣ್ಣ ಬೀದಿಯ ಪಾದ್ರಿ, ಮುಂದಿನ ದೊರೆ ಇಬ್ಬರ ಹೆಸರೂ ಒಂದೇ ಸಂಘದ ಪಟ್ಟಿಯಲ್ಲಿ.

ಇಂಥ ಗಾಜು ಉಳಿದಿದ್ದೇ ದೊಡ್ಡದು. ಇಂಗ್ಲೆಂಡಿನ ಧರ್ಮ ಬದಲಾದ ಮೇಲೆ ಸಂತರ ಚಿತ್ರ, ಮೂರ್ತಿಗಳೆಲ್ಲ ಮೂಢನಂಬಿಕೆ ಅಂತಾದವು. ಊರೂರಲ್ಲಿ ಒಡೆದು ಹಾಕಿದರು. 1640ರ ದಶಕದಲ್ಲಿ ರಾಜನಿಗೂ ಪಾರ್ಲಿಮೆಂಟಿಗೂ ನಡೆದ ಅಂತರ್ಯುದ್ಧದಲ್ಲಿ ಮತ್ತೊಂದು ಸುತ್ತು. 1644ರ ಜುಲೈನಲ್ಲಿ ಯಾರ್ಕ್ ನಗರ ಪಾರ್ಲಿಮೆಂಟಿನ ಸೈನ್ಯಕ್ಕೆ ಶರಣಾಯಿತು. ಗೆದ್ದವರ ಸೇನಾಪತಿ ಫೇರ್‌ಫ್ಯಾಕ್ಸ್ ಯಾರ್ಕ್‌ಶೈರಿನವನೇ. ಚರ್ಚುಗಳಿಗೆ ಹಾನಿ ಮಾಡಬಾರದು ಅನ್ನುವುದು ಶರಣಾಗತಿಯ ಕರಾರಿನಲ್ಲೇ ಇತ್ತು. ಅವನು ಅದನ್ನು ಪಾಲಿಸಿದ. ಮಿನ್‌ಸ್ಟರಿನ ಗಾಜೂ ಉಳಿಯಿತು, ಇಲ್ಲಿಯದೂ ಉಳಿಯಿತು.

ಗಾಜು ಉಳಿದರೂ ಕೆಳಗಿನ ಚರ್ಚು ಬೇರೆಯೇ ಆಯಿತು. ಈಗ ಬಲಿಪೀಠದ ಹಿಂದೆ ನೋಡಿದರೆ ಅಕ್ಷರಗಳು. 1721ರ ಹಲಗೆಗಳು. ಹತ್ತು ಕಟ್ಟಳೆಗಳು, ಪ್ರಭುವಿನ ಪ್ರಾರ್ಥನೆ, ವಿಶ್ವಾಸ ಪ್ರಮಾಣ ಎಲ್ಲ ದಪ್ಪಗೆ ಬರೆದಿದ್ದಾರೆ. ಚಿತ್ರ ನೋಡಿ ಭಕ್ತಿ ಪಡಬೇಡ, ಓದಿ ತಿಳಿದುಕೋ ಅನ್ನುವ ಕಾಲ ಬಂದಿತ್ತು. ಮೇಲೆ ಸಂತರು, ಕೆಳಗೆ ಕಟ್ಟಳೆ. ಒಂದನ್ನೊಂದು ಒಪ್ಪದ ಎರಡು ಕಾಲಗಳು ಒಂದೇ ಗೋಡೆಯಲ್ಲಿವೆ.

ಕೂರುವ ಜಾಗ ಹೇಗಿದೆ ಅಂದರೆ, ಕೋರ್ಟಿನ ಕಟಕಟೆಗಳನ್ನು ಒತ್ತೊತ್ತಾಗಿ ಜೋಡಿಸಿಟ್ಟ ಹಾಗೆ. ಬಾಕ್ಸ್ ಪ್ಯೂ ಅಂತಾರೆ. ಎದೆಮಟ್ಟದ ಮರದ ಗೋಡೆ, ಕೀಲಿನ ಬಾಗಿಲು, ಒಳಗೆ ಬೆಂಚು. 17 ಮತ್ತು 18ನೇ ಶತಮಾನದವು. ಒಂದೊಂದು ಸಂಸಾರ ಒಂದೊಂದರಲ್ಲಿ. ಚಳಿಗಾಳಿ ತಡೆಯುತ್ತಿತ್ತು. ಯಾರು ಮುಂದೆ, ಯಾರು ಹಿಂದೆ ಅನ್ನುವ ಅಂತಸ್ತನ್ನೂ ಕಾಯುತ್ತಿತ್ತು. ನೆಲ ಕುಸಿದ ಹಾಗೆ ಇವೂ ವಾಲಿವೆ. ಒಂದರೊಳಗೆ ಹೋಗಿ ಬಾಗಿಲು ಎಳೆದುಕೊಂಡು ಕೂತು ನೋಡಿ. ಅಕ್ಕಪಕ್ಕದವರ ತಲೆ ಬಿಟ್ಟರೆ ಏನೂ ಕಾಣದು. ಪಾದ್ರಿ ಮಾತ್ರ ಕಾಣಬೇಕು ಅಂತಲೇ ಎರಡು ಮಟ್ಟದ ಎತ್ತರದ ವೇದಿಕೆ ಮಾಡಿದ್ದಾರೆ. ಅದು 1785ರದ್ದು. ಮಕ್ಕಳಿಗಂತೂ ಇದು ಕಣ್ಣಾಮುಚ್ಚಾಲೆಯ ಜಾಗ, ಸ್ವಲ್ಪ ಹತೋಟಿಯಲ್ಲಿಡಿ.

ಯಾರ್ಕಿನ ಬೇರೆ ಹಳೆಯ ಚರ್ಚುಗಳಲ್ಲೂ ಇಂಥ ಪ್ಯೂಗಳಿದ್ದವು. 19ನೇ ಶತಮಾನದಲ್ಲಿ ನವೀಕರಣದ ಹುಚ್ಚು ಹತ್ತಿತು. ಮಧ್ಯಯುಗದ ಶುದ್ಧ ರೂಪ ತರುತ್ತೇವೆ ಅಂತ ಹೇಳಿ ಪ್ಯೂ ಕಿತ್ತರು, ನೆಲ ಸಮ ಮಾಡಿದರು, ಗೋಡೆ ಕೆರೆದರು. ಸಾಕು ನಿಲ್ಲಿಸಿ ಅಂತ ವಿಲಿಯಂ ಮಾರಿಸ್ 1877ರಲ್ಲಿ ಹಳೆಯ ಕಟ್ಟಡ ಉಳಿಸುವ ಸಂಘವನ್ನೇ ಕಟ್ಟಬೇಕಾಯಿತು. ಗುಡ್ರಮ್‌ಗೇಟಿನ ಪ್ಯಾರಿಷ್ ಆ ಹೊತ್ತಿಗೆ ಬಡವಾಗಿತ್ತು. ನವೀಕರಣಕ್ಕೆ ಕಾಸಿರಲಿಲ್ಲ. ಬಡತನವೇ ಇದನ್ನು ಕಾಪಾಡಿತು.

ಗೋಡೆಯ ಮೇಲೆ ಯಾರ್ಕಿನ ಲಾರ್ಡ್ ಮೇಯರುಗಳ ಹೆಸರಿನ ಹಲಗೆಗಳಿವೆ. ಅಲ್ಲಿ ಜಾರ್ಜ್ ಹಡ್ಸನ್ ಅನ್ನುವ ಹೆಸರು ಹುಡುಕಿ. ಇದೇ ಬೀದಿಯ ಮೂಲೆಯ ಬಟ್ಟೆ ಅಂಗಡಿಯಲ್ಲಿ ಕೆಲಸಕ್ಕೆ ಸೇರಿದ ಹುಡುಗ. ಮುಂದೆ ಇಂಗ್ಲೆಂಡಿನ ರೈಲು ಕಂಪನಿಗಳನ್ನು ಒಂದಾದ ಮೇಲೊಂದು ಕೈಗೆ ತೆಗೆದುಕೊಂಡು 'ರೈಲ್ವೆ ರಾಜ' ಅನ್ನಿಸಿಕೊಂಡ. ಮೂರು ಸಲ ಲಾರ್ಡ್ ಮೇಯರ್ ಆದ. 1849ರಲ್ಲಿ ಲೆಕ್ಕದ ಮೋಸ ಬಯಲಾಗಿ ಕೆಳಗೆ ಬಿದ್ದ. ನೀವು ಯಾರ್ಕಿಗೆ ಬಂದಿಳಿಯುವ ರೈಲುದಾರಿಯಲ್ಲಿ ಅವನ ಪಾಲೂ ಇದೆ.

ಇನ್ನೊಂದು ಸಂಗತಿ ಹೇಳಲೇಬೇಕು. ಈಗ ಇಲ್ಲಿಗೆ ಬರುವ ಎಷ್ಟೋ ಜನ ಅದಕ್ಕಾಗಿಯೇ ಬರುತ್ತಾರೆ. 1834ರ ಮಾರ್ಚ್ 30, ಈಸ್ಟರ್ ಭಾನುವಾರ. ಹ್ಯಾಲಿಫ್ಯಾಕ್ಸಿನ ಜಮೀನ್ದಾರಿಣಿ ಆ್ಯನ್ ಲಿಸ್ಟರ್ ಮತ್ತು ಆ್ಯನ್ ವಾಕರ್ ಇಬ್ಬರೂ ಇಲ್ಲಿಗೆ ಬಂದು ಒಟ್ಟಿಗೆ ಪರಮಪ್ರಸಾದ, ಅಂದರೆ ಪೂಜೆಯ ರೊಟ್ಟಿ ಮತ್ತು ದ್ರಾಕ್ಷಾರಸ, ತೆಗೆದುಕೊಂಡರು. ಅದಕ್ಕೆ ಮುಂಚೆಯೇ ಉಂಗುರ ಬದಲಿಸಿಕೊಂಡಿದ್ದರು. ತಮ್ಮಿಬ್ಬರ ಪಾಲಿಗೆ ಅದೇ ಮದುವೆ. ಕಾನೂನು ಒಪ್ಪುವ ಮಾತೇ ಇರಲಿಲ್ಲ. ಲಿಸ್ಟರ್ ಲಕ್ಷಾಂತರ ಪದಗಳ ದಿನಚರಿ ಬರೆದಿಟ್ಟವಳು. ಗುಟ್ಟಿನ ವಿಷಯಗಳನ್ನೆಲ್ಲ ಒಂದು ಸಂಕೇತ ಲಿಪಿಯಲ್ಲಿ ಬರೆದಳು. 2018ರಲ್ಲಿ ಚರ್ಚಿನ ಅಂಗಳದ ಬಾಗಿಲಲ್ಲಿ ಕಾಮನಬಿಲ್ಲಿನ ಅಂಚಿನ ಒಂದು ಫಲಕ ಹಾಕಿದರು. ಅದರಲ್ಲಿ ಅವಳನ್ನು ಸುತ್ತುಬಳಸಿ ವರ್ಣಿಸಿದ್ದರು. ಲೆಸ್ಬಿಯನ್ ಅನ್ನುವ ಪದವೇ ಇರಲಿಲ್ಲ. ಜನ ಆಕ್ಷೇಪ ಎತ್ತಿದರು. 2019ರಲ್ಲಿ ಆ ಪದ ಸೇರಿಸಿ ಹೊಸ ಫಲಕ ಬಂತು. ನಿಮಗೆ ಇದು ಇಷ್ಟವಾಗಬಹುದು, ಆಗದಿರಬಹುದು. ಆದರೆ ಭಾನುವಾರದ ಪೂಜೆ ನಿಂತುಹೋದ ಚರ್ಚೊಂದನ್ನು ಹುಡುಕಿಕೊಂಡು, ಕೈ ಕೈ ಹಿಡಿದು ಬಂದು ಆ ಪ್ಯೂಗಳಲ್ಲಿ ಸುಮ್ನೆ ಕೂತು ಹೋಗುವವರನ್ನು ನಾನು ಕಂಡಿದ್ದೇನೆ. 'ಕಥೆ ಮುಗೀತು' ಅನ್ನುವವರು ಅವರನ್ನೊಮ್ಮೆ ನೋಡಬೇಕು.

ಪೂಜೆ ನಿಂತರೆ ಕಟ್ಟಡ ಸತ್ತ ಹಾಗೆ ಅನ್ನುವುದನ್ನು ಕನ್ನಡಿಗರೇ ಹೇಳಿದರೆ ನನಗೆ ನಗು ಬರುತ್ತದೆ. ಸೋಮನಾಥಪುರದ ಗುಡಿಯಲ್ಲಿ ಪೂಜೆ ಇಲ್ಲ. 1258ರಲ್ಲಿ ಪ್ರತಿಷ್ಠೆಯಾದ ಕೇಶವನೂ ಈಗ ಅಲ್ಲಿಲ್ಲ. ಆದರೂ ಊರಿಂದ ನೆಂಟರು ಬಂದರೆ ಮೊದಲು ಕರೆದುಕೊಂಡು ಹೋಗುವುದು ಅಲ್ಲಿಗೇ. ಯುನೆಸ್ಕೊ ಪಟ್ಟಿಗೆ ಅದು ಸೇರಿದಾಗ ಎಲ್ಲರೂ ಸ್ಟೇಟಸ್ ಹಾಕಿದಿರಿ. ಸರಿಯಾಗೇ ಮಾಡಿದಿರಿ. ಅದೇ ಶತಮಾನದಲ್ಲಿ ಗೋಡೆ ಎದ್ದ ಈ ಚರ್ಚಿಗೆ ಮಾತ್ರ ಬೇರೆ ನ್ಯಾಯ ಯಾಕೆ?

ಇಷ್ಟಕ್ಕೂ ಗುಡ್ರಮ್‌ಗೇಟಿನಲ್ಲಿ ದೇವರನ್ನು ಹೊರಗೆ ಹಾಕಿಲ್ಲ. ಟ್ರಸ್ಟಿನ ಚರ್ಚುಗಳು ಇವತ್ತಿಗೂ ಪವಿತ್ರ ಸ್ಥಳಗಳೇ. ವರ್ಷದಲ್ಲಿ ಆಗೊಮ್ಮೆ ಈಗೊಮ್ಮೆ ಪ್ರಾರ್ಥನೆ ನಡೆಸಬಹುದು.

ಬೇರೆ ಉಪಯೋಗಕ್ಕೆ ಹೋದವುಗಳ ಬಗ್ಗೆಯೂ ಇಷ್ಟು ಕೊಂಕು ಬೇಡ. ಬ್ರಿಸ್ಟಲ್‌ನ ಸೇಂಟ್ ಪಾಲ್ಸ್ ಚರ್ಚು ಈಗ ಸರ್ಕಸ್ ಕಲಿಸುವ ಶಾಲೆ. ಎತ್ತರದ ಚಾವಣಿಯಿಂದ ಹಗ್ಗ ಇಳಿಬಿಟ್ಟು ಹುಡುಗ ಹುಡುಗಿಯರು ಜೋಕಾಲಿ ಆಡುತ್ತಾರೆ. ಬೋಲ್ಟನ್‌ನ ಆಲ್ ಸೋಲ್ಸ್ ಚರ್ಚಿನ ಸುತ್ತ ಈಗ ಹೆಚ್ಚಾಗಿ ಇರುವುದು ನಮ್ಮ ಉಪಖಂಡದಿಂದ ಬಂದ ಮುಸ್ಲಿಮ್ ಕುಟುಂಬಗಳು. ಅದು 2014ರಲ್ಲಿ ಎಲ್ಲರ ಸಮುದಾಯ ಭವನವಾಗಿ ಮತ್ತೆ ಬಾಗಿಲು ತೆರೆಯಿತು. ಬಾರಾದವೂ ಇವೆ, ಇಲ್ಲ ಅನ್ನುವುದಿಲ್ಲ. ಆದರೂ ಮಾಡು ಕುಸಿದು ಪಾರಿವಾಳ ಗೂಡು ಕಟ್ಟುವುದಕ್ಕಿಂತ ಬಾರೇ ಮೇಲು ಅನ್ನುವವಳು ನಾನು.

ಈಗ ಬೇಡಿಕೆಗೆ ಬರುತ್ತೇನೆ. ಮುಂದಿನ ಸಲ ಅಪ್ಪ ಅಮ್ಮ ಬಂದಾಗ, ಯಾರ್ಕಿಗೆ ಕರೆದುಕೊಂಡು ಹೋದಾಗ, ಗುಡ್ರಮ್‌ಗೇಟಿಗೆ ಒಂದು ಗಂಟೆ ಇಡಿ. ಮಿನ್‌ಸ್ಟರಿಗೆ ಟಿಕೆಟ್ ಇದೆ, ಇಲ್ಲಿಗೆ ಇಲ್ಲ. ಟಿಕೆಟ್ ಇಲ್ಲ ಅಂದರೆ ನೋಡುವಂಥದ್ದೂ ಇಲ್ಲ ಅಂದುಕೊಳ್ಳುವುದು ನಮ್ಮವರ ಒಂದು ರೋಗ. ಅದನ್ನು ಬಿಡಿ. ಚಪ್ಪಲಿ ಬಿಡಬೇಕಾಗಿಲ್ಲ, ತಲೆ ಮುಚ್ಚಬೇಕಾಗಿಲ್ಲ, ನಿಮ್ಮ ಜಾತಿ ಮತ ಯಾರೂ ಕೇಳುವುದಿಲ್ಲ. 'ನಮ್ಮ ದೇವರಲ್ಲವಲ್ಲ' ಅಂತ ಹಿಂಜರಿಯುವ ಹಿರಿಯರಿಗೆ ಅನ್ನಮ್ಮನ ಸಂಸಾರದ ಕಿಟಕಿ ತೋರಿಸಿ. ಯಾರು ಯಾರ ಮಗಳು ಅಂತ ಅವರೇ ಕೇಳಲು ಶುರು ಮಾಡುತ್ತಾರೆ.

ಹೊರಡುವಾಗ ಕಾಣಿಕೆ ಪೆಟ್ಟಿಗೆಗೆ ಏನಾದರೂ ಹಾಕಿ. ಮಳೆನೀರಿನ ದೋಣಿ ಕಟ್ಟಿಕೊಂಡರೆ ಸಾಕು, ಗೋಡೆಗೆ ನೀರಿಳಿದು ಮರಮುಟ್ಟು ಲಡ್ಡಾಗುತ್ತದೆ. ಸಣ್ಣ ರಿಪೇರಿಗಳು ಹೊತ್ತಿಗೆ ಸರಿಯಾಗಿ ಆದರೆ ದೊಡ್ಡ ರಿಪೇರಿ ಬರುವುದಿಲ್ಲ. ನೀವು ಕುಡಿಯುವ ಒಂದು ಕಾಫಿಯ ದುಡ್ಡು ಅಲ್ಲಿಗೆ ಹೋಗುತ್ತದೆ.

ಯಾರ್ಕಿನಲ್ಲೇ ಇರುವವರಿಗೆ, ಅದರಲ್ಲೂ ವಿದ್ಯಾರ್ಥಿಗಳಿಗೆ, ಇನ್ನೊಂದು ಮಾತು. ಇಂಥ ಚರ್ಚುಗಳ ಬಾಗಿಲು ತೆರೆದಿಡುವುದರಲ್ಲಿ ಸ್ವಯಂಸೇವಕರ ಪಾಲು ದೊಡ್ಡದು. ಹೆಚ್ಚಿನವರು ನಿವೃತ್ತರು. ಅವರ ಜೊತೆ ತಿಂಗಳಿಗೆ ಒಂದು ಮಧ್ಯಾಹ್ನ ಕೂರಲು ಕ್ರಿಶ್ಚಿಯನ್ ಆಗಿರಬೇಕಾಗಿಲ್ಲ, ಇಂಗ್ಲಿಷಿನವರೂ ಆಗಿರಬೇಕಾಗಿಲ್ಲ. ಬಂದವರಿಗೆ ನಮಸ್ಕಾರ ಹೇಳಿ, ಕಿಂಡಿ ಎಲ್ಲಿದೆ ಅಂತ ತೋರಿಸಿದರೆ ಆಯಿತು. ಕನ್ನಡದವರು ಬಂದರೆ ಕನ್ನಡದಲ್ಲೇ ಹೇಳಬಹುದು.

ಕನ್ನಡ ಸಂಘಗಳ ಪದಾಧಿಕಾರಿಗಳೂ ಇದನ್ನು ಓದುತ್ತಿದ್ದರೆ, ನಿಮ್ಮ ವಾರ್ಷಿಕ ಪ್ರವಾಸದ ಪಟ್ಟಿಗೆ ಹತ್ತಿರದ ಒಂದು ಮುಚ್ಚಿದ ಚರ್ಚು ಸೇರಿಸಿ. ಟ್ರಸ್ಟಿನ 350ರಲ್ಲಿ ಒಂದಾದರೂ ನಿಮ್ಮ ಸುತ್ತಮುತ್ತ ಸಿಗುವ ಸಾಧ್ಯತೆ ಜಾಸ್ತಿ. ಕೆಲವು ಚರ್ಚುಗಳಲ್ಲಿ ರಾತ್ರಿ ತಂಗಲೂ ಬಿಡುತ್ತಾರೆ. ಮಂಚ ಹಾಕಿಕೊಡುತ್ತಾರೆ, ಚಳಿಗೆ ನೀವೇ ಸಿದ್ಧರಾಗಿ ಹೋಗಬೇಕು. ಇನ್ನು ಫ್ರೆಂಡ್ಸ್ ಆಫ್ ಫ್ರೆಂಡ್‌ಲೆಸ್ ಚರ್ಚಸ್ ಅಂತ 1957ರಲ್ಲಿ ಶುರುವಾದ ಇನ್ನೊಂದು ಸಂಸ್ಥೆ ಇದೆ. ಯಾರೂ ದಿಕ್ಕಿಲ್ಲದ ಚರ್ಚುಗಳಿಗೆ ಗೆಳೆಯರಾಗುವುದೇ ಅವರ ಕೆಲಸ. ಇಂಗ್ಲೆಂಡು, ವೇಲ್ಸ್ ಎರಡೂ ಕಡೆ ಅವರ ಚರ್ಚುಗಳಿವೆ.

ಗುಡ್ರಮ್‌ಗೇಟಿನ ಚರ್ಚು ಯಾವ ದಿನ, ಎಷ್ಟು ಹೊತ್ತು ತೆರೆದಿರುತ್ತದೆ ಅನ್ನುವುದು ಕಾಲಕ್ಕೆ ತಕ್ಕ ಹಾಗೆ ಬದಲಾಗುತ್ತದೆ. ಟ್ರಸ್ಟಿನ ವೆಬ್‌ಸೈಟು ನೋಡಿಕೊಂಡೇ ಹೊರಡಿ. ಬಾಗಿಲು ಹಾಕಿದ್ದರೆ ನನ್ನನ್ನು ಬೈಯಬೇಡಿ. ಅಂಗಳದಲ್ಲಿ ಬೆಂಚು ಇದೆ.

ಇಂತಿ,
ಯಾರ್ಕ್‌ಶೈರಿನಲ್ಲಿರುವ ಒಬ್ಬ ಕನ್ನಡತಿ